ಕಾಲೇಜಿನ ಕೆಲಸದ ಪಟ್ಟಿಯಲ್ಲಿ ಹೆಣ್ಣಿಗೆ ಯಾವ ಸಾಲು?

ಬೆಣ್ಣೆನಗರಿ

ನಮ್ಮ ದಾವಣಗೆರೆ, ಚಿತ್ರದುರ್ಗ ಎರಡೂ ಜಿಲ್ಲೆಗಳ ಪದವಿ ಕಾಲೇಜುಗಳಲ್ಲಿ ಮಾರ್ಚ್ 8ಕ್ಕೆ ಮಹಿಳಾ ದಿನ, ನವೆಂಬರ್ 11ಕ್ಕೆ ಓಬವ್ವ ಜಯಂತಿ ನಡೆಯುತ್ತವೆ. ಭಾಷಣ ಮುಗಿದ ಮರುದಿನ ಸ್ಟಾಫ್ ರೂಮು ಹಿಂದಿನ ಹಾಗೇ ಇರುತ್ತದೆ. ಈ ಸಲ ಭಾಷಣ ಬಿಟ್ಟು ಲೆಕ್ಕ ತೆಗೆಯೋಣ ಅಂತ ಕೆಲವರು ಹೊರಟಿದ್ದೇವೆ.

ಕಾಲೇಜಿನ ಗುಣಮಟ್ಟ ಅಳೆದು ಗ್ರೇಡ್ ಕೊಡುವ ನ್ಯಾಕ್ ತಂಡಕ್ಕೆ ತೋರಿಸಲು ಬರೆಯುವ ವರದಿಯಲ್ಲಿ ಹುಡುಗಿಯರ ಸಂಖ್ಯೆ, ಶೌಚಾಲಯ, ಸಿಸಿಟಿವಿ, ಕಾರ್ಯಕ್ರಮದ ಫೋಟೊ ಇಷ್ಟಕ್ಕೇ ಮಾತು ಮುಗಿದುಬಿಡುತ್ತದೆ. ಸಂಖ್ಯೆಯಲ್ಲಿ ಹೆಣ್ಣುಮಕ್ಕಳು ಅಂಥ ಹಿಂದೆ ಬಿದ್ದಿಲ್ಲ. 2021-22ರ ಅಖಿಲ ಭಾರತ ಉನ್ನತ ಶಿಕ್ಷಣ ಸಮೀಕ್ಷೆಯಲ್ಲಿ 4.33 ಕೋಟಿ ವಿದ್ಯಾರ್ಥಿಗಳ ಪೈಕಿ 2.07 ಕೋಟಿ ಹೆಣ್ಣುಮಕ್ಕಳು. ಬೋಧಕರಲ್ಲಿ ಶೇ 43ರಷ್ಟು ಮಹಿಳೆಯರು. ಹಾಗಾದರೆ ತಾರತಮ್ಯವನ್ನು ಯಾವ ಕಡತದಲ್ಲಿ ಹುಡುಕಬೇಕು? ತಿಳಿದವರು ಕೆಲಸಕ್ಕೆ ಬರುವ ಹಾಗೆ ಹೇಳಿ.

ಏಳುಸುತ್ತಿನ ಕೋಟೆ

ಮೊದಲು ಪ್ರಾಂಶುಪಾಲರ ಕೊಠಡಿಯ ಆದೇಶ ಕಡತ. ಸಮಿತಿ ರಚನೆ, ಕೆಲಸ ಹಂಚಿಕೆಯ ಮೆಮೊಗಳು ಅದರಲ್ಲೇ ಇರುತ್ತವೆ. ಮೂರು ಶೈಕ್ಷಣಿಕ ವರ್ಷದ್ದು ತೆಗೆಯಿರಿ. ಒಂದೇ ವರ್ಷದ್ದು ತೆಗೆದರೆ "ಈ ಸಲ ಏನೋ ಹಂಗಾಯ್ತು" ಅನ್ನುವ ಉತ್ತರ ಸಿದ್ಧವಿರುತ್ತದೆ.

ಉದ್ದ ಹಾಳೆಯಲ್ಲಿ ಆರು ಕಾಲಂ ಹಾಕಿ: ಸಮಿತಿಯ ಹೆಸರು, ಸಂಚಾಲಕರು ಹೆಣ್ಣೋ ಗಂಡೋ, ಸದಸ್ಯರಲ್ಲಿ ಯಾರೆಷ್ಟು, ಸಮಿತಿಯ ಕೈಯಲ್ಲಿ ಓಡಾಡುವ ಹಣ, ವರ್ಷಕ್ಕೆ ತಗಲುವ ಗಂಟೆ, ಬಡ್ತಿಯ ಅರ್ಜಿಯಲ್ಲಿ ಇದನ್ನು ತೋರಿಸಬಹುದೋ ಇಲ್ಲವೋ. ಕೊನೆಯ ಮೂರು ಕಾಲಂ ಬಿಟ್ಟರೆ ಲೆಕ್ಕ ಸುಳ್ಳು ಹೇಳುತ್ತದೆ. ಹೇಗೆಂದರೆ, ಕಾಲೇಜಿನಲ್ಲಿ 50 ಬೋಧಕರು, ಅವರಲ್ಲಿ 20 ಮಹಿಳೆಯರು ಅಂತಿಟ್ಟುಕೊಳ್ಳಿ. 15 ಸಮಿತಿಗಳಲ್ಲಿ ಆರಕ್ಕೆ ಮಹಿಳೆಯರೇ ಸಂಚಾಲಕರು. ಶೇ 40ಕ್ಕೆ ಶೇ 40, ಸರಿಯಾಗಿಯೇ ಇದೆಯಲ್ಲ ಅನಿಸುತ್ತದೆ. ಆ ಆರೂ ಸಾಂಸ್ಕೃತಿಕ, ಮಹಿಳಾ ಕೋಶ, ಸ್ವಾಗತ, ಕ್ಯಾಂಟೀನ್, ತೋಟ, ಭಿತ್ತಿಪತ್ರಿಕೆ ಆಗಿದ್ದರೆ? ಖರೀದಿ, ಕಟ್ಟಡ, ಪರೀಕ್ಷೆ, ಪ್ರವೇಶ, ನೇಮಕ ಇವನ್ನು ಬೇರೆ ಗುಂಪು ಮಾಡಿ ಎಣಿಸಿದಾಗಲೇ ನಿಜಸ್ಥಿತಿ ಕಾಣುವುದು.

ವಾರ್ಷಿಕೋತ್ಸವದ ಕೆಲಸ ಹಂಚಿಕೆ ಪಟ್ಟಿಯನ್ನೇ ಹತ್ತಿರ ಹಿಡಿದು ನೋಡಿ. ಶಾಮಿಯಾನ ಮತ್ತು ವೇದಿಕೆ, ಹಣಕಾಸು, ಅತಿಥಿಗಳನ್ನು ಕರೆತರುವುದು, ಶಿಸ್ತು: ಈ ಸಾಲುಗಳ ಎದುರು ಗಂಡಸರ ಹೆಸರು. ಪ್ರಾರ್ಥನೆ, ರಂಗೋಲಿ, ಆರತಿ ತಟ್ಟೆ, ಹೂಗುಚ್ಛ, ಊಟ ಬಡಿಸುವುದು: ಇಲ್ಲಿ ಹೆಂಗಸರ ಹೆಸರು. ಕಾರಿನಲ್ಲಿ ಅತಿಥಿಯ ಪಕ್ಕ ಕೂತು ಬಂದವರಿಗೆ ವಿಶ್ವವಿದ್ಯಾಲಯದವರ ಪರಿಚಯ ಆಗುತ್ತದೆ. ಮುಂದೆ ಅಧ್ಯಯನ ಮಂಡಳಿಗೋ ಪ್ರಶ್ನೆಪತ್ರಿಕೆ ಸಮಿತಿಗೋ ಹೆಸರು ಬೇಕಾದಾಗ ಅವರೇ ನೆನಪಾಗುತ್ತಾರೆ. ಆರತಿ ತಟ್ಟೆ ಹಿಡಿದವರ ಹೆಸರನ್ನು ಅತಿಥಿ ಕೇಳಿರುವುದೂ ಇಲ್ಲ.

ಇನ್ನೊಂದು: ಸಭೆಯ ನಡಾವಳಿ ಬರೆಯುವುದು ಯಾರು ಅಂತ ಪ್ರತ್ಯೇಕ ಎಣಿಸಿ. "ನಿಮ್ಮ ಕೈಬರಹ ಚೆನ್ನಾಗಿದೆ ಮೇಡಂ" ಅಂತ ಹೇಳಿ ಪುಸ್ತಕ ದಾಟಿಸುತ್ತಾರೆ. ಬರೆಯುತ್ತಾ ಕೂತವರಿಗೆ ಮಾತಾಡಲು ಬಿಡುವು ಎಲ್ಲಿ? ಸರದಿ ಹಾಕುವುದೇ ಪರಿಹಾರ, ಅಕಾರಾದಿಯಲ್ಲಿ.

ಹರಿಹರದ ಹೊಳೆದಂಡೆ

ಆಮಂತ್ರಣ ಪತ್ರಿಕೆಗಳನ್ನೂ ಸೇರಿಸಿಕೊಳ್ಳಿ, ಹಳೆಯವು ಗ್ರಂಥಾಲಯದಲ್ಲಿ ಸಿಗುತ್ತವೆ. ಮೇಷ್ಟ್ರು, ಮೇಡಂ ಇಬ್ಬರಿಗೂ ಪಿಎಚ್‌ಡಿ ಆಗಿರುತ್ತದೆ. ಪತ್ರಿಕೆಯಲ್ಲಿ ಅವರು "ಡಾ.", ಇವರು "ಶ್ರೀಮತಿ". ನಿರೂಪಣೆ, ವಂದನಾರ್ಪಣೆ ಹೆಣ್ಣಿಗೆ. ಪ್ರಾಸ್ತಾವಿಕ ನುಡಿ, ಅಧ್ಯಕ್ಷತೆ ಗಂಡಿಗೆ. ಇದು ಹೆಚ್ಚಿನ ಸಲ ಬೇಕಂತಲೇ ಮಾಡಿದ್ದಲ್ಲ. ಮುದ್ರಣಕ್ಕೆ ಹೋಗುವ ಕರಡನ್ನು ಹಿಂದಿನ ವರ್ಷದ ಫೈಲಿನ ಮೇಲೇ ತಿದ್ದುತ್ತಾರೆ, ಹಳೆಯ ತಪ್ಪು ಹಾಗೇ ಉಳಿಯುತ್ತದೆ. ಕಚೇರಿಯ ಸಿಬ್ಬಂದಿ ಪಟ್ಟಿಯಲ್ಲಿ ಪದವಿ, ಹುದ್ದೆ ಹೇಗಿದೆಯೋ ಹಾಗೇ ಅಚ್ಚಾಗಬೇಕು, ಶ್ರೀ-ಶ್ರೀಮತಿ-ಕುಮಾರಿ ಬೇಡ ಅಂತ ಒಂದು ಸಾಲಿನ ಆದೇಶ ಸಾಕು. ಗಂಡಸಿನ ಹೆಸರು ನೋಡಿ ಮದುವೆಯಾಗಿದೆಯೋ ಇಲ್ಲವೋ ತಿಳಿಯುವುದಿಲ್ಲ. ಹೆಂಗಸಿನದು ಮಾತ್ರ ಯಾಕೆ ತಿಳಿಯಬೇಕು?

ಶಾಂತಿಸಾಗರ

ಶಿಫಾರಸು ಪತ್ರಗಳ ಕಡೆಗೂ ಗಮನ ಇರಲಿ. ಎಂಎಸ್ಸಿ ಮುಗಿಸಿ ಹೊರಗೆ ಅರ್ಜಿ ಹಾಕುವ ಹುಡುಗಿಗೆ "ವಿನಯವಂತೆ, ಶ್ರಮಪಟ್ಟು ಓದುತ್ತಾಳೆ, ಎಲ್ಲರೊಂದಿಗೆ ಹೊಂದಿಕೊಳ್ಳುತ್ತಾಳೆ" ಅಂತ ಬರೆದುಕೊಡುತ್ತಾರೆ. ಹುಡುಗನಿಗೆ "ಸ್ವತಂತ್ರವಾಗಿ ಯೋಚಿಸಬಲ್ಲ, ಸಂಶೋಧನೆಯ ಪ್ರತಿಭೆ ಇದೆ". ಬರೆದವರಿಗೆ ಇಬ್ಬರ ಮೇಲೂ ಪ್ರೀತಿಯೇ ಇರಬಹುದು. ಓದುವವರ ಕಣ್ಣಿಗೆ ಮೊದಲನೆಯದು ಒಳ್ಳೆಯ ಸೊಸೆಯ ವರ್ಣನೆ, ಎರಡನೆಯದು ಸಂಶೋಧಕನದು.

ಪತ್ರ ಬರೆದ ಮೇಲೆ ಒಂದು ಪರೀಕ್ಷೆ ಮಾಡಿ. "ಅವಳು" ಇದ್ದಲ್ಲಿ "ಅವನು" ಹಾಕಿ ಓದಿ, ಎಲ್ಲಿ ವಿಚಿತ್ರ ಅನಿಸುತ್ತದೋ ಆ ಸಾಲು ಹೊಡೆದುಹಾಕಿ. ಗುಣದ ಬದಲು ಕೆಲಸ ಬರೆಯಿರಿ: ಯಾವ ಉಪಕರಣ ನಡೆಸಿದಳು, ಎಷ್ಟು ಮಾದರಿ ವಿಶ್ಲೇಷಿಸಿದಳು, ಯಾವ ತಪ್ಪನ್ನು ತಾನೇ ಕಂಡುಹಿಡಿದಳು. ಮದುವೆ, ತಂದೆಯ ಉದ್ಯೋಗ, ಊರಿನ ಬಡತನ ಯಾವುದೂ ಬೇಡ, ಅವಳೇ ಕೇಳಿದ ಹೊರತು.

ಹೆಸರೊಂದೇ ಎಷ್ಟು ಬದಲಾಯಿಸುತ್ತದೆ ಅನ್ನುವುದಕ್ಕೆ 2012ರ ಅಮೆರಿಕದ ಪ್ರಯೋಗ ಇದೆ. 127 ವಿಜ್ಞಾನ ಪ್ರಾಧ್ಯಾಪಕರಿಗೆ ಪ್ರಯೋಗಾಲಯದ ಹುದ್ದೆಗೆ ಒಂದೇ ಅರ್ಜಿ ಕೊಟ್ಟರು, ಅರ್ಧ ಜನಕ್ಕೆ ಜಾನ್ ಅನ್ನುವ ಹೆಸರಲ್ಲಿ, ಅರ್ಧ ಜನಕ್ಕೆ ಜೆನಿಫರ್ ಹೆಸರಲ್ಲಿ. ಜಾನ್‌ಗೆ ಸೂಚಿಸಿದ ವಾರ್ಷಿಕ ಸಂಬಳ ಸರಾಸರಿ 30 ಸಾವಿರ ಡಾಲರಿನ ಮೇಲೆ, ಜೆನಿಫರ್‌ಗೆ 26,500ರ ಆಸುಪಾಸು. ಮುಖ್ಯವಾದದ್ದೇನೆಂದರೆ, ಮಹಿಳಾ ಪ್ರಾಧ್ಯಾಪಕರೂ ಹಾಗೇ ಅಳೆದರು. ಆದ್ದರಿಂದ "ಆಯ್ಕೆ ಸಮಿತಿಯಲ್ಲಿ ಒಬ್ಬ ಮೇಡಂ ಇದ್ದರಲ್ಲ" ಅನ್ನುವುದು ಉತ್ತರವಾಗುವುದಿಲ್ಲ.

ಹಳೇಪೇಟೆ

ಅಮೆರಿಕದ್ದು ನಮಗೆ ಹೇಗೆ ಅನ್ವಯ? ನಮ್ಮಲ್ಲಿ ರ‍್ಯಾಂಕ್ ಪಟ್ಟಿಯ ತುಂಬ ಹೆಣ್ಣುಮಕ್ಕಳೇ. ಮೆರಿಟ್ ನೋಡಿ ಕೊಟ್ಟರೆ ಮುಗೀತು, ಲೆಕ್ಕ ಯಾಕೆ?

ಶಾಂತಿಸಾಗರ

ನಮ್ಮದೇ ರಾಜ್ಯದ ಉದಾಹರಣೆ ಕೊಡುತ್ತೇನೆ. ಜೀವರಸಾಯನ ವಿಜ್ಞಾನಿ ಕಮಲಾ ಸೊಹೊನಿ 1933ರಲ್ಲಿ ಬಾಂಬೆ ವಿಶ್ವವಿದ್ಯಾಲಯದ ಬಿಎಸ್ಸಿಯಲ್ಲಿ ಮೊದಲಿಗರಾಗಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಗೆ ಅರ್ಜಿ ಹಾಕಿದರು. ಹೆಣ್ಣು ಅನ್ನುವ ಕಾರಣಕ್ಕೆ ಆಗ ಸಂಸ್ಥೆಯ ನಿರ್ದೇಶಕರಾಗಿದ್ದ ಸಿ.ವಿ. ರಾಮನ್ ನಿರಾಕರಿಸಿದರು. ಹಟ ಹಿಡಿದ ಮೇಲೆ ಮೊದಲ ವರ್ಷ ಷರತ್ತಿನ ಮೇಲೆ ಸೇರಿಸಿಕೊಂಡರು. ಅವರ ಕೆಲಸ ನೋಡಿದ ಮೇಲೆ ಸಂಸ್ಥೆಯ ಬಾಗಿಲು ಬೇರೆ ಹೆಣ್ಣುಮಕ್ಕಳಿಗೂ ತೆರೆಯಿತು. 1939ರಲ್ಲಿ ಕೇಂಬ್ರಿಜ್‌ನಿಂದ ಪಿಎಚ್‌ಡಿ ಪಡೆದರು. ಮೆರಿಟ್ ಪಟ್ಟಿಯ ತುದಿಯಲ್ಲಿದ್ದವರಿಗೇ ಹೀಗಾಯಿತು. ಅದೇ ಸಂಸ್ಥೆಯ ಇನ್ನೊಂದು ಆವರಣ ಇವತ್ತು ಚಳ್ಳಕೆರೆಯ ಕುದಾಪುರದಲ್ಲಿದೆ, ನಮ್ಮ ಹುಡುಗಿಯರು ಈ ಕಥೆ ತಿಳಿದಿರಬೇಕು.

ಸಂದರ್ಶನದಲ್ಲಿ ಮೆರಿಟ್ ಉಳಿಯಬೇಕಾದರೆ ಎಲ್ಲ ಅಭ್ಯರ್ಥಿಗಳಿಗೂ ಒಂದೇ ಪ್ರಶ್ನೆ, ಒಂದೇ ಕ್ರಮ. ಸದಸ್ಯರು ಪರಸ್ಪರ ಮಾತಾಡುವ ಮೊದಲೇ ಅಂಕ ಬರೆದು ಸಹಿ ಹಾಕಬೇಕು. "ಮದುವೆ ಯಾವಾಗ", "ಮಗು ಚಿಕ್ಕದಾ", "ಮನೆಯವರು ಎಲ್ಲಿದ್ದಾರೆ" ಇಂಥವು ನಿಷಿದ್ಧ ಅಂತ ಮೊದಲೇ ಬರೆದಿಡಿ. ಕುಶಲ ವಿಚಾರಿಸುವ ಹಾಗೆ ಕೇಳಿದರೂ ಉತ್ತರ ಅಂಕದೊಳಗೆ ಸೇರಿಬಿಡುತ್ತದೆ.

ವಿದ್ಯಾರ್ಥಿಗಳ ಫೀಡ್‌ಬ್ಯಾಕ್ ಫಾರ್ಮನ್ನೂ ಕಣ್ಣುಮುಚ್ಚಿ ನಂಬಬೇಡಿ. 2015ರಲ್ಲಿ ಪ್ರಕಟವಾದ ಆನ್‌ಲೈನ್ ತರಗತಿಯ ಪ್ರಯೋಗದಲ್ಲಿ ಬೋಧಕರ ಹೆಸರು ಅದಲುಬದಲು ಮಾಡಿದರು. ಉತ್ತರ ತಿದ್ದಿ ಕೊಟ್ಟ ಸಮಯ ಎಲ್ಲರಿಗೂ ಒಂದೇ. ಆದರೂ ಸಮಯಪಾಲನೆಗೆ ಗಂಡು ಹೆಸರಿಗೆ ಐದಕ್ಕೆ 4.35, ಹೆಣ್ಣು ಹೆಸರಿಗೆ 3.55.

ಚಂದ್ರವಳ್ಳಿ

ಬಡ್ತಿಯ ಲೆಕ್ಕದಲ್ಲಿ ಆಗುವ ತಪ್ಪೊಂದಿದೆ. ಯುಜಿಸಿಯ (ವಿಶ್ವವಿದ್ಯಾಲಯ ಧನಸಹಾಯ ಆಯೋಗ) 2018ರ ನಿಯಮದಂತೆ ಹಂಚಿದ ತರಗತಿಗಳಲ್ಲಿ ಶೇ 80 ಮತ್ತು ಮೇಲೆ ತೆಗೆದುಕೊಂಡರೆ ಉತ್ತಮ, 70ರಿಂದ 80ರೊಳಗೆ ತೃಪ್ತಿಕರ, 70ಕ್ಕಿಂತ ಕಡಿಮೆ ಅತೃಪ್ತಿಕರ. ವಾರಕ್ಕೆ 16 ಗಂಟೆ, ವರ್ಷಕ್ಕೆ 30 ವಾರ ಅಂದರೆ 480 ಗಂಟೆ. ಒಬ್ಬರು ಅರ್ಧ ವರ್ಷ ಹೆರಿಗೆ ರಜೆಯಲ್ಲಿದ್ದು, ಉಳಿದ 240ರಲ್ಲಿ 225 ಗಂಟೆ ಪಾಠ ಮಾಡಿದರು. ಕಚೇರಿಯಲ್ಲಿ 225ನ್ನು 480ರಿಂದ ಭಾಗಿಸುತ್ತಾರೆ: ಶೇ 46.9, ಅತೃಪ್ತಿಕರ. ಇದು ತಪ್ಪು. ಹೆರಿಗೆ ರಜೆ, ಶಿಶುಪಾಲನಾ ರಜೆಯ ಅವಧಿಯನ್ನು ಕೈಬಿಟ್ಟು, ಉಳಿದ ಅವಧಿಯ ಶ್ರೇಣಿಯನ್ನೇ ಪೂರ್ತಿ ವರ್ಷಕ್ಕೆ ಹಿಡಿಯಬೇಕು ಅಂತ ಅದೇ ನಿಯಮದ ಕೋಷ್ಟಕದ ಕೆಳಗಿನ ಟಿಪ್ಪಣಿಯಲ್ಲಿದೆ. 225 ಭಾಗಿಸು 240, ಶೇ 93.75, ಉತ್ತಮ. ಟಿಪ್ಪಣಿ ಸಣ್ಣ ಅಕ್ಷರದಲ್ಲಿರುವುದರಿಂದ ಗುಮಾಸ್ತರೂ ಓದಿರುವುದಿಲ್ಲ, ಅರ್ಜಿ ಹಾಕಿದವರೂ ಓದಿರುವುದಿಲ್ಲ. ಅರ್ಜಿಯ ಜೊತೆ ಆ ಪುಟದ ಪ್ರತಿ ಲಗತ್ತಿಸಿ, ರಜೆ ಮಂಜೂರಾತಿ ಆದೇಶದ ಸಂಖ್ಯೆ ನಮೂದಿಸಿ.

ಜೋಗಿಮಟ್ಟಿ

ಅತಿಥಿ ಉಪನ್ಯಾಸಕರಿಗೆ ಹೆರಿಗೆ ರಜೆ ಇಲ್ಲವೇ ಇಲ್ಲ ಅಂತ ಎಲ್ಲ ಕಡೆ ಹೇಳ್ತಾರಲ್ರಿ. ಹೌದೇ? ಸೆಮಿಸ್ಟರ್ ಮುಗಿದ ಕೂಡಲೇ ಬಿಡುಗಡೆ ಮಾಡಿಬಿಟ್ರೆ ಏನು ಮಾಡ್ಬೇಕು?

ಚಂದ್ರವಳ್ಳಿ

ಹೆರಿಗೆ ಸೌಲಭ್ಯದ ಕಾನೂನು ಕಾಯಂ ನೌಕರರು, ತಾತ್ಕಾಲಿಕದವರು ಅಂತ ಬೇರೆ ಮಾಡುವುದಿಲ್ಲ. ಹೆರಿಗೆಯ ನಿರೀಕ್ಷಿತ ದಿನದ ಹಿಂದಿನ 12 ತಿಂಗಳಲ್ಲಿ 80 ದಿನ ಕೆಲಸ ಮಾಡಿರಬೇಕು. ಮೊದಲ ಎರಡು ಮಕ್ಕಳಿಗೆ 26 ವಾರ, ಅದರಲ್ಲಿ 8 ವಾರದವರೆಗೆ ಹೆರಿಗೆಗೆ ಮುಂಚೆ. ವಾರಕ್ಕೆ ನಾಲ್ಕು ದಿನ ಬರುವವರಿಗೆ 20 ವಾರಕ್ಕೆ 80 ದಿನ ತುಂಬುತ್ತದೆ. ಎಡವುವುದು ಇಲ್ಲೇ. ಹಾಜರಿ ಗಂಟೆಯ ಲೆಕ್ಕದಲ್ಲಿರುತ್ತದೆ, ದಿನದ ಲೆಕ್ಕ ಯಾರೂ ಇಟ್ಟಿರುವುದಿಲ್ಲ. ಹಾಜರಿ ಪುಸ್ತಕದ ಪುಟಗಳ ಪ್ರತಿಯನ್ನು ತಿಂಗಳು ತಿಂಗಳೂ ಇಟ್ಟುಕೊಳ್ಳಿ.

ಗುತ್ತಿಗೆ ಅವಧಿ ಮುಗಿದರೂ ಸೌಲಭ್ಯ ನಿಲ್ಲುವುದಿಲ್ಲ ಅಂತ ಸುಪ್ರೀಂ ಕೋರ್ಟ್ 2023ರ ಆಗಸ್ಟ್ 17ರಂದು ದೆಹಲಿಯ ಗುತ್ತಿಗೆ ವೈದ್ಯೆಯೊಬ್ಬರ ಪ್ರಕರಣದಲ್ಲಿ ಹೇಳಿದೆ. ಬಾಯಿಮಾತಲ್ಲಿ ಕೇಳಬೇಡಿ. ಬಾಯಲ್ಲಿ ಕೇಳಿದರೆ ಬಾಯಲ್ಲೇ "ಇಲ್ಲ" ಅಂತಾರೆ, ದಾಖಲೆಯೇ ಉಳಿಯುವುದಿಲ್ಲ. ವೈದ್ಯರ ಪ್ರಮಾಣಪತ್ರದೊಂದಿಗೆ ಲಿಖಿತ ಅರ್ಜಿ, ಅದರ ಪ್ರತಿಯ ಮೇಲೆ ಸ್ವೀಕೃತಿ ಮುದ್ರೆ. ನಿರಾಕರಿಸುವುದಾದರೆ ಕಾರಣ ಬರೆದುಕೊಡಿ ಅಂತ ಅದೇ ಅರ್ಜಿಯಲ್ಲಿ ಕೇಳಿ.

ಏಳುಸುತ್ತಿನ ಕೋಟೆ

ಪಿಎಚ್‌ಡಿ ಮಾಡುವವರಿಗೂ ಹೀಗೇ ಬಳಕೆಯಾಗದೆ ಬಿದ್ದಿರುವ ನಿಯಮಗಳಿವೆ. ಯುಜಿಸಿಯ 2022ರ ನಿಯಮದಲ್ಲಿ ಗರಿಷ್ಠ ಆರು ವರ್ಷ, ಮರುನೋಂದಣಿಯಾದರೆ ಇನ್ನೆರಡು, ಮಹಿಳೆಯರಿಗೆ ಅದರ ಮೇಲೆ ಇನ್ನೂ ಎರಡು. ಒಟ್ಟು ಹತ್ತು ಮೀರಬಾರದು. ಇಡೀ ಅವಧಿಯಲ್ಲಿ 240 ದಿನದವರೆಗೆ ಹೆರಿಗೆ ಅಥವಾ ಶಿಶುಪಾಲನಾ ರಜೆ. ಮದುವೆಯಾಗಿಯೋ ಬೇರೆ ಕಾರಣಕ್ಕೋ ಊರು ಬದಲಾದರೆ ಸಂಶೋಧನಾ ದತ್ತಾಂಶದ ಸಮೇತ ಬೇರೆ ವಿಶ್ವವಿದ್ಯಾಲಯಕ್ಕೆ ಹೋಗಬಹುದು. ಆದರೆ ಆ ಕೆಲಸ ಅನುದಾನಿತ ಯೋಜನೆಗೆ ಸೇರಿದ್ದಾಗಿರಬಾರದು, ಹಳೆಯ ಮಾರ್ಗದರ್ಶಕರಿಗೂ ಸಂಸ್ಥೆಗೂ ಸಲ್ಲಬೇಕಾದ ಹೆಸರು ಸಲ್ಲಬೇಕು.

ದಾವಣಗೆರೆ ವಿಶ್ವವಿದ್ಯಾಲಯದ ಶಿವಗಂಗೋತ್ರಿಯಲ್ಲಿ ನೋಂದಾಯಿಸಿದವರು ಮದುವೆಯಾಗಿ ಬೆಳಗಾವಿಗೆ ಹೋದರೆ "ಅಲ್ಲಿಗೆ ಮುಗೀತು" ಅಂತ ಕೈಚೆಲ್ಲಬೇಕಿಲ್ಲ. ಆರು ತಿಂಗಳಿಗೊಮ್ಮೆ ಸಂಶೋಧನಾ ಸಲಹಾ ಸಮಿತಿಯ ಮುಂದೆ ಮಂಡಿಸಿದ ಪ್ರಗತಿ ವರದಿಗಳ ಸಹಿಯಾದ ಪ್ರತಿ ಜೋಪಾನ ಮಾಡಿ. ವರ್ಗಾವಣೆಯ ದಿನ ಬೆಲೆ ಬರುವುದು ಅವಕ್ಕೇ.

ದುರ್ಗದ ಬತೇರಿ

ಲೈಂಗಿಕ ಕಿರುಕುಳದ ದೂರು ಸಮಿತಿಯ ವಿಷಯ ಯಾರೂ ಎತ್ತಲಿಲ್ಲ. ಗೋಡೆಯ ಮೇಲೆ ಫಲಕ ಇದ್ದರೆ ಸಮಿತಿ ಇದೆ ಅಂತಲ್ಲ, ರಚನಾ ಆದೇಶ ತೆಗೆದು ಓದಿ. ಯುಜಿಸಿಯ 2015ರ ನಿಯಮದ ಪ್ರಕಾರ ಅಧ್ಯಕ್ಷರು ಹಿರಿಯ ಮಹಿಳಾ ಬೋಧಕರು; ಕಾಲೇಜಿನಲ್ಲಾದರೆ ಸಹ ಪ್ರಾಧ್ಯಾಪಕಿಗಿಂತ ಕೆಳಗಿನವರಲ್ಲ. ಇಬ್ಬರು ಬೋಧಕರು, ಇಬ್ಬರು ಬೋಧಕೇತರರು, ಹೊರಗಿನ ಸ್ವಯಂಸೇವಾ ಸಂಸ್ಥೆಯಿಂದ ಒಬ್ಬರು. ವಿಷಯ ವಿದ್ಯಾರ್ಥಿಗಳದ್ದಾದರೆ ಚುನಾಯಿತ ವಿದ್ಯಾರ್ಥಿಗಳು ಮೂವರು. ಅರ್ಧಕ್ಕಿಂತ ಕಡಿಮೆಯಿಲ್ಲದಷ್ಟು ಮಹಿಳೆಯರು. ಅವಧಿ ಮೂರು ವರ್ಷ. ಕುಲಪತಿ, ಕುಲಸಚಿವ, ಡೀನ್, ವಿಭಾಗದ ಮುಖ್ಯಸ್ಥ ಇಂಥ ಆಡಳಿತ ಹುದ್ದೆಯವರು ಸದಸ್ಯರಾಗುವಂತಿಲ್ಲ. ಹೊರಗಿನ ಸದಸ್ಯರ ಜಾಗದಲ್ಲಿ ಆಡಳಿತ ಮಂಡಳಿಯವರ ನೆಂಟರೋ ಕಾಲೇಜಿನ ನಿವೃತ್ತರೋ ಇದ್ದರೆ ಆ ಜಾಗ ಇಟ್ಟ ಉದ್ದೇಶವೇ ಹಾಳು.

ದೂರು ಘಟನೆಯಾದ ಮೂರು ತಿಂಗಳೊಳಗೆ, ಲಿಖಿತವಾಗಿ. ಬಹಳ ದಿನ ನಡೆದ ಕಿರುಕುಳವಾದರೆ ಕೊನೆಯ ಘಟನೆಯಿಂದ ಎಣಿಕೆ. ಕಾರಣ ಇದ್ದರೆ ಸಮಿತಿ ಇನ್ನು ಮೂರು ತಿಂಗಳು ವಿಸ್ತರಿಸಬಹುದು. ಏಳು ದಿನದಲ್ಲಿ ದೂರಿನ ಪ್ರತಿ ಎದುರುದಾರರಿಗೆ (ದೂರು ಯಾರ ಮೇಲಿದೆಯೋ ಅವರಿಗೆ), ಹತ್ತು ದಿನದಲ್ಲಿ ಅವರ ಉತ್ತರ, 90 ದಿನದಲ್ಲಿ ವಿಚಾರಣೆ ಮುಕ್ತಾಯ, ಹತ್ತು ದಿನದಲ್ಲಿ ವರದಿ, 60 ದಿನದಲ್ಲಿ ಕ್ರಮ.

ಹೆಚ್ಚಿನವರಿಗೆ ಗೊತ್ತಿರದ ಇನ್ನೊಂದು ಮಾತು: ವಿಚಾರಣೆ ನಡೆಯುವಾಗಲೇ ಮಧ್ಯಂತರ ಪರಿಹಾರ ಕೇಳಬಹುದು. ದೂರು ಎದುರಿಸುತ್ತಿರುವ ಅಧ್ಯಾಪಕ ದೂರುದಾರಳ ಉತ್ತರ ಪತ್ರಿಕೆ, ಪ್ರಾಯೋಗಿಕ ಪರೀಕ್ಷೆ, ಸಂಶೋಧನೆಯ ಮೌಲ್ಯಮಾಪನ ಮಾಡದಂತೆ ತಡೆಯಬಹುದು. ಹುಡುಗಿಯರು ಬಾಯಿ ಬಿಡದಿರಲು ದೊಡ್ಡ ಕಾರಣ ಆಂತರಿಕ ಅಂಕದ ಭಯ. ದೂರಿನ ಕೊನೆಯಲ್ಲಿ ಈ ಪರಿಹಾರವನ್ನು ಒಂದು ಸಾಲಿನಲ್ಲಿ ಕೇಳಿ, ಕೇಳದೆ ತಾನಾಗಿ ಬರುವುದಿಲ್ಲ.

ಚಂದ್ರವಳ್ಳಿ

ಒಂದು ತಿದ್ದುಪಡಿ. 60 ದಿನ ಅನ್ನುವುದು ಕೆಲಸದ ಸ್ಥಳದ ಲೈಂಗಿಕ ಕಿರುಕುಳ ತಡೆಯುವ 2013ರ ಕಾಯ್ದೆಯದ್ದು. ಉನ್ನತ ಶಿಕ್ಷಣ ಸಂಸ್ಥೆಗಳಿಗೆ ಯುಜಿಸಿ ನಿಯಮದಲ್ಲಿ ವರದಿ ಬಂದ 30 ದಿನದೊಳಗೆ ಕ್ರಮ, ಮೇಲ್ಮನವಿಯೂ 30 ದಿನದಲ್ಲೇ. ಕಾಯ್ದೆಯ ಮೇಲ್ಮನವಿ 90 ದಿನ ಅಂತ ನೆಚ್ಚಿಕೊಂಡು ಕೂತವರ ಗಡುವು ಕಳೆದುಹೋಗುತ್ತದೆ.

ದುರ್ಗದ ಬತೇರಿ

ಸರಿ, ನಾನು ಎರಡನ್ನೂ ಕಲಸಿಬಿಟ್ಟಿದ್ದೆ. ಕಾಲೇಜಿನವರು 30 ಅಂತಲೇ ಹಿಡಿಯಿರಿ.

ಹಳೇಪೇಟೆ

ಸುಳ್ಳು ದೂರು ಕೊಟ್ಟರೆ? ಒಬ್ಬ ಮೇಷ್ಟ್ರ ಮರ್ಯಾದೆ ಹೋದರೆ ಮತ್ತೆ ಬರುತ್ತದೆಯೇ? ಈ ಪ್ರಶ್ನೆಗೂ ಉತ್ತರ ಬೇಕು.

ದುರ್ಗದ ಬತೇರಿ

ಬೇಕು, ಕಾಯ್ದೆಯಲ್ಲೇ ಇದೆ. ದುರುದ್ದೇಶದಿಂದ, ಸುಳ್ಳೆಂದು ತಿಳಿದೂ ಕೊಟ್ಟ ದೂರಿಗೆ 14ನೇ ಸೆಕ್ಷನ್ನಿನಲ್ಲಿ ಕ್ರಮ ಇದೆ. ಆದರೆ ದುರುದ್ದೇಶವನ್ನು ಪ್ರತ್ಯೇಕ ವಿಚಾರಣೆಯಲ್ಲಿ ಸಾಬೀತು ಮಾಡಬೇಕು. ಸಾಕ್ಷಿ ಸಾಲದೆ ದೂರು ಬಿದ್ದುಹೋದ ಮಾತ್ರಕ್ಕೆ ಅದು ಸುಳ್ಳು ದೂರು ಆಗುವುದಿಲ್ಲ ಅಂತ ಅದೇ ಸೆಕ್ಷನ್ ಹೇಳುತ್ತದೆ. ಮರ್ಯಾದೆಯ ರಕ್ಷಣೆ 16ನೇ ಸೆಕ್ಷನ್ನಿನಲ್ಲಿದೆ. ದೂರುದಾರಳ ಹೆಸರೂ ಎದುರುದಾರನ ಹೆಸರೂ ಹೊರಬೀಳಬಾರದು. ಎದುರುದಾರನ ಉತ್ತರ ಕೇಳದೆ, ಸಾಕ್ಷಿಗಳನ್ನು ಪ್ರಶ್ನಿಸಲು ಅವಕಾಶ ಕೊಡದೆ ಬರೆದ ವರದಿ ಕೋರ್ಟಿನಲ್ಲಿ ನಿಲ್ಲುವುದಿಲ್ಲ. ಅಂದರೆ ಕ್ರಮ ತಪ್ಪದೆ ನಡೆದ ವಿಚಾರಣೆಯೇ ಇಬ್ಬರಿಗೂ ಕಾವಲು. ಸ್ಟಾಫ್ ರೂಮಿನ ರಾಜಿ ಪಂಚಾಯ್ತಿಯಲ್ಲಿ ಇಬ್ಬರ ಹೆಸರೂ ಸಂಜೆಯೊಳಗೆ ಊರು ಸುತ್ತಿರುತ್ತದೆ.

ಹತ್ತಕ್ಕಿಂತ ಕಡಿಮೆ ಜನ ಕೆಲಸ ಮಾಡುವ ಟ್ಯುಟೋರಿಯಲ್‌ಗಳ ಸಿಬ್ಬಂದಿ, ಅಥವಾ ದೂರು ಮಾಲೀಕರ ಮೇಲೆಯೇ ಇದ್ದಾಗ, ಜಿಲ್ಲಾ ಮಟ್ಟದ ಸ್ಥಳೀಯ ಸಮಿತಿಗೆ ಹೋಗಬೇಕು.

ಹಳೇಪೇಟೆ

16ನೇ ಸೆಕ್ಷನ್ನಿನ ವಿಷಯ ಗೊತ್ತಿರಲಿಲ್ಲ. ಪಂಚಾಯ್ತಿಯ ಮಾತು ಒಪ್ಪುತ್ತೇನೆ.

ಜೋಗಿಮಟ್ಟಿ

ಸಮಯದ ಲೆಕ್ಕವನ್ನೂ ಹಾಕ್ರಿ. ಬಾಲಕರ ಹಾಸ್ಟೆಲ್ ಗೇಟು ಎಷ್ಟೊತ್ತಿಗೆ ಮುಚ್ಚುತ್ತದೆ, ಬಾಲಕಿಯರದ್ದು ಎಷ್ಟೊತ್ತಿಗೆ, ಗ್ರಂಥಾಲಯ ಎಲ್ಲಿಯವರೆಗೆ ತೆರೆದಿರುತ್ತದೆ? ಗ್ರಂಥಾಲಯ ರಾತ್ರಿ 8ರವರೆಗೆ, ಬಾಲಕಿಯರ ಗೇಟು 6.30ಕ್ಕೆ ಅಂದ್ರೆ ದಿನಕ್ಕೆ ಒಂದೂವರೆ ಗಂಟೆ ಕಡಿಮೆ. ವಾರಕ್ಕೆ ಆರು ದಿನ ಹಿಡಿದ್ರೆ ಒಂಬತ್ತು ಗಂಟೆ ಆತು. ಸುರಕ್ಷತೆಯ ನೆಪದಲ್ಲಿ ಹೆಣ್ಣುಮಕ್ಕಳ ಹಾಸ್ಟೆಲಿಗೆ ತಾರತಮ್ಯದ ನಿಯಮ ಹಾಕಬಾರದು ಅಂತ 2015ರ ಅದೇ ಯುಜಿಸಿ ನಿಯಮದಲ್ಲೇ ಐತಿ.

ಇನ್ನು ಬಸ್ಸು. ಶಕ್ತಿ ಯೋಜನೆ 2023ರ ಜೂನ್ 11ರಿಂದ ಇದ್ರೂ ಅದು ಸರ್ಕಾರಿ ಬಸ್ಸಿಗಷ್ಟೇ. ನಮ್ಮ ಕಡೆ ಎಷ್ಟೋ ಹಳ್ಳಿ ದಾರಿಗಳಲ್ಲಿ ಓಡೋದು ಖಾಸಗಿ ಬಸ್ಸು. ಸಂಜೆ 5ರ ಮೇಲೆ ಪ್ರಾಯೋಗಿಕ ತರಗತಿ ಇಟ್ಟರೆ ಮೊದಲು ಏಳೋದು ಹಳ್ಳಿ ಹುಡುಗಿ. ವಿದ್ಯಾರ್ಥಿಗಳ ಊರು, ಬಸ್ಸಿನ ಕೊನೆಯ ಸಮಯ ಪಟ್ಟಿ ಮಾಡಿ, ಆಮೇಲೆ ವೇಳಾಪಟ್ಟಿ ಹಾಕ್ರಿ. ಪ್ರಾಯೋಗಿಕ ಬೆಳಿಗ್ಗೆಗೆ, ಭಾಷಾ ತರಗತಿ ಮಧ್ಯಾಹ್ನಕ್ಕೆ ಬದಲಾಯಿಸಿದ್ರೆ ರೂಪಾಯಿ ಖರ್ಚಿಲ್ಲ.

ಬೆಣ್ಣೆನಗರಿ

ಇಷ್ಟು ಸಿಕ್ಕಿದ್ದು ದೊಡ್ಡ ಉಪಕಾರ. ಕಡತ ತೋರಿಸಲು ಕಚೇರಿ ಒಪ್ಪದಿದ್ದರೆ?

ಹರಿಹರದ ಹೊಳೆದಂಡೆ

ಸರ್ಕಾರಿ ಕಾಲೇಜಾದರೆ ನೇರ ಮಾಹಿತಿ ಹಕ್ಕು ಅರ್ಜಿ. ಅನುದಾನಿತ ಕಾಲೇಜಿಗೂ ಅರ್ಜಿ ಹಾಕಬಹುದು. ಶುಲ್ಕ 10 ರೂಪಾಯಿ. ಕರ್ನಾಟಕದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ. ಸಮಿತಿಗಳು, ದೂರು ಸಮಿತಿಯ ಆದೇಶ, ಹಾಸ್ಟೆಲ್ ನಿಯಮ ಎಲ್ಲವನ್ನೂ ಒಂದರಲ್ಲೇ ತುರುಕಿದರೆ ಅದೇ ನೆಪದಲ್ಲಿ ತಿರಸ್ಕರಿಸುತ್ತಾರೆ, ಮೂರು ಅರ್ಜಿ ಮಾಡಿ. 30 ದಿನದಲ್ಲಿ ಉತ್ತರ ಬರಬೇಕು, ಬಾರದಿದ್ದರೆ ಮುಂದಿನ 30 ದಿನದೊಳಗೆ ಮೊದಲ ಮೇಲ್ಮನವಿ. "ತಾರತಮ್ಯ ಇದೆಯೇ", "ಯಾಕೆ ಹೀಗೆ" ಅಂತ ಕೇಳಬೇಡಿ. ಅಭಿಪ್ರಾಯ ಮಾಹಿತಿಯಲ್ಲ ಅಂತ ಉತ್ತರಿಸುತ್ತಾರೆ. ದಾಖಲೆಯ ಹೆಸರು ಹೇಳಿ ಕೇಳಿ. ಮೊದಲ ಅರ್ಜಿ ಹೀಗಿರಲಿ:

"ಕಳೆದ ಮೂರು ಶೈಕ್ಷಣಿಕ ವರ್ಷಗಳಲ್ಲಿ ಕಾಲೇಜಿನಲ್ಲಿ ರಚಿಸಲಾದ ಎಲ್ಲ ಸಮಿತಿಗಳ ರಚನಾ ಆದೇಶಗಳ ದೃಢೀಕೃತ ಪ್ರತಿಗಳನ್ನು, ಸಂಚಾಲಕರು ಮತ್ತು ಸದಸ್ಯರ ಹೆಸರು ಹಾಗೂ ಪದನಾಮ ಸಹಿತ, ಒದಗಿಸುವುದು."